ವಿದ್ಯಾವ್ಯಸನ

ಕನ್ನಡದಲ್ಲಿ ವ್ಯಸನವೆಂಬ ಶಬ್ದಕ್ಕೆ ಎರಡು ಅರ್ಥಗಳು ರೂಢಿಯಲ್ಲಿವೆ. ಒಬ್ಬನಿಗೆ ಜೂಜಿನ ವ್ಯಸನವಿದೆಯೆಂದರೆ ಅದು ಬಿಡಲಾಗದ ಚಟ. ಬಂಧುಗಳ ಮರಣವಾರ್ತೆಯನ್ನು ಕೇಳಿ ವ್ಯಸನವಾಯಿತೆಂದರೆ ಅದು ದುಃಖ. ಸಂಸ್ಕೃತದಲ್ಲಿ ಇವೆರಡರ ಜೊತೆಗೆ ಅತ್ಯಾಸಕ್ತಿಯೆಂಬ ಮೂರನೆಯ ಅರ್ಥವೂ ಉಂಟು. ಭರ್ತೃಹರಿಯು ಮಹಾತ್ಮರಿಗೆ ಸ್ವಭಾವಸಿದ್ಧವಾದ ಗುಣಗಳನ್ನು ಎಣಿಸುವಾಗ, ಆಪತ್ತಿನಲ್ಲಿ ಧೈರ್ಯ, ಅಭ್ಯುದಯದಲ್ಲಿ ಕ್ಷಮೆ ಮೊದಲಾದವುಗಳ ಸಾಲಿನಲ್ಲಿಯೇ ಶಾಸ್ತ್ರಶ್ರವಣದ ವ್ಯಸನವನ್ನೂ ಸೇರಿಸಿದ್ದಾನೆ. ಮನುವಾದರೋ ರಾಜನು ತ್ಯಜಿಸತಕ್ಕ 18 ವ್ಯಸನಗಳ ಪಟ್ಟಿಯನ್ನು ಕೊಟ್ಟಿದ್ದಾನೆ. ಅದರಲ್ಲಿ ಬೇಟೆಯಿದೆ, ಪಗಡೆಯಿದೆ, ಹಗಲುನಿದ್ರೆಯೂ ಇದೆ, ಓದು ಇಲ್ಲ. ಮನುವಿನ ಕಾಲದಲ್ಲಿ ಕಾದಂಬರಿಗಳಿರಲಿಲ್ಲವೆಂದು ಯಾರಾದರೂ ಆಕ್ಷೇಪಿಸಬಹುದು. ಇರಲಿ.

ಓದಿನಲ್ಲಿ ಮೈಮರೆಯುವುದು ಸಾಧನೆಯೋ, ಅಥವಾ ಮರ್ಯಾದಸ್ಥರ ಚಟವೋ? ಈ ಪ್ರಶ್ನೆಯು ನಮ್ಮ ಮನೆಯಲ್ಲಿಯೇ ಹುಟ್ಟಿದ್ದು.

ನಮ್ಮ ತೀರ್ಥರೂಪರು ರಾಜಾಜಿನಗರದ ಒಂದು ಚಿಕ್ಕ ದೇವಾಲಯದಲ್ಲಿ ಅರ್ಚಕರಾಗಿದ್ದರು. ಮಧ್ಯಾಹ್ನದ ನೈವೇದ್ಯ, ಮಹಾಮಂಗಳಾರತಿಗಳು ಮುಗಿದು ಬಾಗಿಲು ಹಾಕಿದ ಮೇಲೆ ಸಂಜೆಯವರೆಗೆ ಅವರು ಪೌಳಿಯ ಕಂಬಕ್ಕೆ ಒರಗಿ ಓದುತ್ತಿದ್ದರು. ಬಾಲಕರಾಗಿದ್ದ ನಾವು, ಇವರಿಗೆ ಯಾವ ಪರೀಕ್ಷೆಯಿದೆಯೆಂದು ಆಶ್ಚರ್ಯಪಡುತ್ತಿದ್ದೆವು. ಒಂದು ಆಷಾಢಮಾಸದಲ್ಲಿ ಪರಿಚಿತ ಗೃಹಸ್ಥರೊಬ್ಬರು ತಮ್ಮ ತಂದೆಯವರ ಕಾಲಾನಂತರ ಮನೆಯಲ್ಲಿದ್ದ ಗ್ರಂಥಗಳನ್ನು ವಿಕ್ರಯಿಸುತ್ತಿರುವರೆಂದು ತಿಳಿಯಿತು. ಪರಿಮಳಟಿಪ್ಪಣಿಸಹಿತವಾದ ಶ್ರೀಮನ್ನ್ಯಾಯಸುಧೆಯ ಹಳೆಯ ಸಂಪುಟಗಳು ಅದರಲ್ಲಿದ್ದವು. ಆಷಾಢದಲ್ಲಿ ಮುಂಜಿ ಮದುವೆಗಳಿಲ್ಲ. ಪುರೋಹಿತರ ಕೈ ಬರಿದಾಗಿರುವ ಮಾಸವೆಂಬುದು ಎಲ್ಲರಿಗೂ ಗೊತ್ತಿದ್ದದ್ದೇ. ತೀರ್ಥರೂಪರು ಮನೆಯ ಬಾಡಿಗೆಗೆಂದು ಎತ್ತಿಟ್ಟಿದ್ದ ಹಣವನ್ನು ಕೊಟ್ಟು ಸಂಪುಟಗಳನ್ನು ಹೊತ್ತು ತಂದರು.

ನಮ್ಮ ಮಾತೃಶ್ರೀಯವರು ಕೂಗಾಡುವ ಸ್ವಭಾವದವರಲ್ಲ. "ಗ್ರಂಥಕ್ಕೆ ಹಸಿವಾಗುವುದಿಲ್ಲ, ಮಕ್ಕಳಿಗೆ ಆಗುತ್ತದೆ" ಎಂದಷ್ಟೇ ಹೇಳಿ ಒಳಗೆ ಹೋದರು. ಮುಂದಿನ ಎರಡು ತಿಂಗಳು ಚಟ್ನಿಪುಡಿ, ಮೆಂತ್ಯದ ಹಿಟ್ಟುಗಳನ್ನು ಮಾಡಿ ನೆರೆಹೊರೆಯವರಿಗೆ ಕೊಟ್ಟು ಬಾಡಿಗೆಯ ಬಾಕಿಯನ್ನು ತೀರಿಸಿದವರು ಅವರೇ.

ತೀರ್ಥರೂಪರು ತಮ್ಮ ಪಕ್ಷಕ್ಕೆ ತೈತ್ತಿರೀಯೋಪನಿಷತ್ತಿನ ಶಿಕ್ಷಾವಲ್ಲಿಯನ್ನು ಆಧಾರವಾಗಿ ಹಿಡಿದರು. ಅಲ್ಲಿ ಮೂವರು ಋಷಿಗಳ ಮತಗಳು ಉಕ್ತವಾಗಿವೆ. ಸತ್ಯವೇ ಮುಖ್ಯವೆಂದು ರಾಥೀತರನು, ತಪಸ್ಸೇ ಮುಖ್ಯವೆಂದು ಪೌರುಶಿಷ್ಟಿಯು, ಸ್ವಾಧ್ಯಾಯ ಪ್ರವಚನಗಳೇ ಮುಖ್ಯ, ಅವೇ ತಪಸ್ಸು ಎಂದು ನಾಕ ಮೌದ್ಗಲ್ಯನು ಹೇಳುತ್ತಾರೆ. ನಾಕನ ಮತವೇ ತಮ್ಮ ಮತವೆಂದರು. ಮಾತೃಶ್ರೀಯವರಿಗೆ ಆ ಉಪನಿಷತ್ತಿನ ಪರಿಚಯವಿರಲಿಲ್ಲವಾದ ಕಾರಣ ವಾದವು ಅಲ್ಲಿಗೇ ನಿಂತಿತು.

ಆದರೆ ಕೆಲವು ವರ್ಷಗಳ ನಂತರ ಪಾಠಶಾಲೆಯಲ್ಲಿ ಅದೇ ಅನುವಾಕವನ್ನು ಪಠಿಸುವಾಗ ನಮಗೊಂದು ಸಂಗತಿ ಹೊಳೆಯಿತು. ನಾಕನ ಮಾತು ಬರುವುದು ಕೊನೆಯಲ್ಲಿ. ಅದಕ್ಕೆ ಮೊದಲು ಋತ, ಸತ್ಯ, ತಪಸ್ಸು, ದಮ, ಶಮ, ಅಗ್ನಿಹೋತ್ರ, ಅತಿಥಿಸತ್ಕಾರ, ಲೋಕವ್ಯವಹಾರ, ಸಂತಾನ ಎಂದು ಗೃಹಸ್ಥನ ಕರ್ತವ್ಯಗಳೆಲ್ಲ ಒಂದೊಂದಾಗಿ ಬರುತ್ತವೆ. ಒಂದೊಂದರ ಪಕ್ಕದಲ್ಲಿಯೂ ಸ್ವಾಧ್ಯಾಯ ಪ್ರವಚನಗಳನ್ನು ಮತ್ತೆ ಮತ್ತೆ ಕೂರಿಸಲಾಗಿದೆ. ಅತಿಥಿಯನ್ನು ಬಿಟ್ಟು ಓದು ಎಂದಿಲ್ಲ, ಮಕ್ಕಳನ್ನು ಬಿಟ್ಟು ಓದು ಎಂದಿಲ್ಲ. ಅತಿಥಿಯೂ ಇರಲಿ, ಓದೂ ಇರಲಿ. ಮಕ್ಕಳೂ ಇರಲಿ, ಓದೂ ಇರಲಿ. ಆ ಆಷಾಢದ ಮಟ್ಟಿಗೆ ಮಾತೃಶ್ರೀಯವರ ಪಕ್ಷವೇ ಶ್ರುತಿಸಮ್ಮತವಾಗಿತ್ತೆಂಬುದು ನಮ್ಮ ನಿರ್ಣಯ. ತೀರ್ಥರೂಪರ ಕಿವಿಗೆ ಈ ಮಾತು ಬೀಳುವುದೆಂಬುದು ಗೊತ್ತಿದ್ದೇ ಬರೆದಿದ್ದೇವೆ.

ಶ್ರೀರಾಘವೇಂದ್ರತೀರ್ಥರ ಪೂರ್ವಾಶ್ರಮದ ದಾರಿದ್ರ್ಯವು ನಮ್ಮ ಮನೆಗಳಲ್ಲಿ ಮಕ್ಕಳಿಗೂ ತಿಳಿದ ಕಥೆ. ಉಪವಾಸದ ನಡುವೆಯೂ ಪಾಠಪ್ರವಚನಗಳನ್ನು ಬಿಡದಿದ್ದ ಆ ವೆಂಕಟನಾಥರನ್ನು ನಾವೆಲ್ಲರೂ ಸ್ಮರಿಸುತ್ತೇವೆ. ಜೊತೆಯಲ್ಲಿ ಉಪವಾಸವಿದ್ದ ಸರಸ್ವತೀಬಾಯಿಯವರನ್ನು ಎಷ್ಟು ಮಂದಿ ಸ್ಮರಿಸುತ್ತೇವೆ?

ಹಾಗೆಂದು ವ್ಯಸನವನ್ನೇ ಖಂಡಿಸಲು ನಮ್ಮಿಂದಾಗದು. ನಾವೂ ಅದೇ ರೋಗದವರು. ಪಾಠಶಾಲೆಯಲ್ಲಿ ಪ್ರತಿಪತ್ತು, ಅಷ್ಟಮಿ, ಚತುರ್ದಶಿ ಮೊದಲಾದ ತಿಥಿಗಳು ಅನಧ್ಯಾಯ. ವೇದಪಾಠವಿಲ್ಲದ ಆ ದಿನಗಳಲ್ಲಿ ಸಹಪಾಠಿಗಳು ಚೆಂಡಾಡಿದರೆ, ನಾವು ಸಿದ್ಧಾಂತಕೌಮುದಿಯ ಅಟ್ಟೆಯೊಳಗೆ ಕಾದಂಬರಿಯನ್ನಿಟ್ಟು ಓದುತ್ತಿದ್ದೆವು. ಒಮ್ಮೆ ಅಷ್ಟಮಿಯಂದು ಭೈರಪ್ಪನವರ 'ವಂಶವೃಕ್ಷ'ದೊಡನೆ ಸಿಕ್ಕಿಬಿದ್ದೆವು. ಅನಧ್ಯಾಯದಂದು ಕೌಮುದಿಯನ್ನು ಹಿಡಿದು ಕುಳಿತ ವಿದ್ಯಾರ್ಥಿಯ ಮೇಲೆ ಅಧ್ಯಾಪಕರಿಗೆ ಸಂಶಯ ಬಂದದ್ದರಲ್ಲಿ ಆಶ್ಚರ್ಯವೇನೂ ಇಲ್ಲ. ಲೌಕಿಕ ಗ್ರಂಥವೆಂದು ಗದರಿಸಿ ಪುಸ್ತಕವನ್ನು ಕಿತ್ತುಕೊಂಡು ಹೋದರು. ನಾಲ್ಕನೆಯ ದಿನ ಸಂಧ್ಯಾವಂದನೆಯಾದ ಮೇಲೆ ಕರೆದು ಕೈಗಿತ್ತು, "ಪಾಪ, ಶ್ರೋತ್ರಿಗಳಿಗೆ ಹೀಗಾಗಬಾರದಿತ್ತು" ಎಂದರು. ಆ ವೃದ್ಧರ ಕಣ್ಣು ಕೆಂಪಾಗಿತ್ತು; ರಾತ್ರಿ ನಿದ್ರೆಗೆಟ್ಟದ್ದರಿಂದಲೋ ಬೇರೆ ಕಾರಣದಿಂದಲೋ ಕೇಳುವ ಧೈರ್ಯ ನಮಗಿರಲಿಲ್ಲ.

ಈ ಆಸಕ್ತಿಗೆ ಅಂತ್ಯವುಂಟೇ ಎಂಬುದಕ್ಕೆ ತೈತ್ತಿರೀಯ ಬ್ರಾಹ್ಮಣದಲ್ಲಿ ಭರದ್ವಾಜರ ಉಪಾಖ್ಯಾನವಿದೆ. ಮೂರು ಆಯುಷ್ಯಗಳನ್ನು ಬ್ರಹ್ಮಚರ್ಯದಲ್ಲಿಯೇ ಕಳೆದು, ಜೀರ್ಣರಾಗಿ ಮಲಗಿದ್ದ ಭರದ್ವಾಜರ ಬಳಿಗೆ ಇಂದ್ರನು ಬಂದನು. ನಾಲ್ಕನೆಯ ಆಯುಷ್ಯವನ್ನು ಕೊಟ್ಟರೆ ಏನು ಮಾಡುವೆಯೆಂದು ಕೇಳಿದನು. ಮತ್ತೆ ಬ್ರಹ್ಮಚರ್ಯದಲ್ಲಿಯೇ ಇರುವೆನೆಂದರು ಭರದ್ವಾಜರು. ಆಗ ಇಂದ್ರನು ಹಿಂದೆಂದೂ ಕಾಣದ ಮೂರು ಪರ್ವತಗಳನ್ನು ತೋರಿಸಿ, ಒಂದೊಂದರಿಂದಲೂ ಒಂದು ಹಿಡಿಯನ್ನು ತೆಗೆದು, ಇವು ವೇದಗಳು, ನೀನು ಮೂರು ಆಯುಷ್ಯಗಳಲ್ಲಿ ಕಲಿತದ್ದು ಇಷ್ಟು, ವೇದಗಳು ಅನಂತವೆಂದನು. ಅನೇಕರು ಕಥೆಯನ್ನು ಇಲ್ಲಿಗೇ ನಿಲ್ಲಿಸಿ ಮನುಷ್ಯನ ಅಲ್ಪತೆಯನ್ನು ಉಪದೇಶಿಸುತ್ತಾರೆ. ನಮಗೆ ಅದು ಅಷ್ಟಾಗಿ ರುಚಿಸುವುದಿಲ್ಲ. ಬ್ರಾಹ್ಮಣದಲ್ಲಿ ಕಥೆಯು ಮುಂದುವರಿಯುತ್ತದೆ. ಇಂದ್ರನು ಭರದ್ವಾಜರನ್ನು ಕರೆದು ಸಾವಿತ್ರಾಗ್ನಿವಿದ್ಯೆಯನ್ನು ತಾನೇ ಬೋಧಿಸುತ್ತಾನೆ. ಹಿಡಿಮಣ್ಣನ್ನು ತೋರಿಸಿ ನಾಚಿಸುವುದಕ್ಕಷ್ಟೇ ಆದರೆ ದೇವೇಂದ್ರನು ಬರಬೇಕಾಗಿರಲಿಲ್ಲ. ಸಾಯುವ ಹೊತ್ತಿನಲ್ಲಿಯೂ ಪಾಠವನ್ನೇ ಬೇಡಿದವನಿಗೆ ಪಾಠವೇ ದೊರೆಯಿತು.

ಇದಕ್ಕೆ ಎದುರಾಗಿ ಛಾಂದೋಗ್ಯದ ನಾರದರಿದ್ದಾರೆ. ನಾಲ್ಕು ವೇದ, ಇತಿಹಾಸ ಪುರಾಣ, ಗಣಿತ, ನಕ್ಷತ್ರವಿದ್ಯೆ, ಸರ್ಪವಿದ್ಯೆ ಎಂದು ತಾವು ಕಲಿತ ಪಟ್ಟಿಯನ್ನೊಪ್ಪಿಸಿ, ಆದರೂ ಶೋಕವು ಹೋಗಲಿಲ್ಲವೆಂದು ಸನತ್ಕುಮಾರರ ಮುಂದೆ ನಿಂತರು. ವ್ಯಸನದ ಎರಡು ಅರ್ಥಗಳೂ ಇಲ್ಲಿ ಒಬ್ಬರಲ್ಲಿಯೇ ಕೂಡಿವೆ. ಸನತ್ಕುಮಾರರು, ಓದಿದ್ದೆಲ್ಲ ವ್ಯರ್ಥವೆನ್ನಲಿಲ್ಲ. ತಿಳಿದಿರುವುದನ್ನು ಮೊದಲು ಹೇಳು, ಅದರ ಮೇಲಿನದನ್ನು ಹೇಳುವೆನೆಂದು, ನಾಮದಿಂದಾರಂಭಿಸಿ ಮೆಟ್ಟಿಲು ಮೆಟ್ಟಿಲಾಗಿ ಭೂಮದವರೆಗೆ ಕರೆದೊಯ್ದರು. ಆ ಪಟ್ಟಿಯೇ ಇಲ್ಲದಿದ್ದರೆ ನಾರದರಿಗೆ ತಮ್ಮ ಶೋಕದ ಅರಿವಾದರೂ ಆಗುತ್ತಿತ್ತೋ ಇಲ್ಲವೋ.

ಇವೆಲ್ಲ ಋಷಿಗಳ ಮಾತಾಯಿತು, ನಮ್ಮಂತಹವರಿಗೇನೆಂದು ವಾಚಕರು ಕೇಳಬಹುದು. ಗಳಗನಾಥರೆಂದು ಪ್ರಸಿದ್ಧರಾದ ವೆಂಕಟೇಶ ತಿರಕೋ ಕುಲಕರ್ಣಿಯವರು (1869–1942) ತಾವು ಬರೆದ ಕಾದಂಬರಿಗಳ ಗಂಟನ್ನು ತಲೆಯ ಮೇಲೆ ಹೊತ್ತು ಊರೂರು ತಿರುಗಿ ಮಾರಿದವರು. ಉತ್ತರ ಕರ್ನಾಟಕದಲ್ಲಿ ಎಷ್ಟೋ ಮನೆಗಳಿಗೆ ಕನ್ನಡದ ಓದು ಹಾಗೆ ಕಾಲ್ನಡಿಗೆಯಲ್ಲಿ ಬಂತು. ನಮ್ಮ ಬೆಂಗಳೂರಿನಲ್ಲಿಯೇ ಪ್ರೊ. ಜಿ. ವೆಂಕಟಸುಬ್ಬಯ್ಯನವರು 1913ರಿಂದ 2021ರವರೆಗೆ 107 ವರ್ಷಗಳು ಬಾಳಿದರು. ಕನ್ನಡ ಸಾಹಿತ್ಯ ಪರಿಷತ್ತಿನ 8 ಸಂಪುಟಗಳ ನಿಘಂಟಿನ ಪ್ರಧಾನ ಸಂಪಾದಕರಾಗಿದ್ದವರು, 1991ರಿಂದ ಪ್ರಜಾವಾಣಿಯ 'ಇಗೋ ಕನ್ನಡ' ಅಂಕಣದಲ್ಲಿ ವಾಚಕರು ಕೇಳಿದ ಒಂದೊಂದು ಶಬ್ದಕ್ಕೆ ಉತ್ತರ ಬರೆದರು. ಆ ಅಂಕಣವು ಆರಂಭವಾದಾಗ ಅವರಿಗೆ ಎಪ್ಪತ್ತೇಳೋ ಎಪ್ಪತ್ತೆಂಟೋ ವಯಸ್ಸು. ನಮ್ಮಲ್ಲಿ ಅರವತ್ತಕ್ಕೆ ಕನ್ನಡಕವನ್ನು ಮಡಿಚಿಟ್ಟು, ಇನ್ನೇನು ಓದುವುದೆನ್ನುವವರು ಇದ್ದಾರೆ. ಸ್ವಾಧ್ಯಾಯದೊಡನೆ ಪ್ರವಚನವನ್ನೂ ಉಪನಿಷತ್ತು ಏಕೆ ಜೋಡಿಸಿತೆಂಬುದು ನಮಗೆ ಆ ಅಂಕಣದಿಂದ ಸ್ಪಷ್ಟವಾಯಿತು. ಅಪರಿಚಿತನು ಕೇಳಿದ ಶಬ್ದಕ್ಕಾಗಿ ಮತ್ತೆ ಕೋಶವನ್ನು ತೆರೆಯುವವನು ತಾನೂ ಮತ್ತೆ ವಿದ್ಯಾರ್ಥಿಯಾಗುತ್ತಾನೆ.

ಈಗಿನ ತರುಣರು ಓದುವುದಿಲ್ಲವೆಂಬ ದೂರು ಉಂಟು. ಕೆಂಗೇರಿಯಿಂದ ವಿಜಯನಗರಕ್ಕೆ ಮೆಟ್ರೋದಲ್ಲಿ ಬರುವಾಗ ನಾವೂ ಹಾಗೆಯೇ ಎಣಿಸುತ್ತಿದ್ದೆವು. ಒಂದು ದಿನ ಪಕ್ಕದ ಹುಡುಗನ ಮೊಬೈಲಿನತ್ತ ಅನಪೇಕ್ಷಿತವಾಗಿ ದೃಷ್ಟಿ ಹರಿಯಿತು. ಆತನು ಮಹಾಭಾರತತಾತ್ಪರ್ಯನಿರ್ಣಯವನ್ನು ಓದುತ್ತಿದ್ದನು. ನಾವು ನಾಲ್ಕು ನಿಲ್ದಾಣಗಳವರೆಗೆ ಮೌನವಾಗಿದ್ದೆವು.

ಮಾತೃಶ್ರೀಯವರು ಹರಿಕಥಾಮೃತಸಾರವನ್ನು ಬಾಲ್ಯದಿಂದಲೂ ಕಂಠಪಾಠವಾಗಿ ಹೇಳುತ್ತಿದ್ದವರು. ಐವತ್ತೆಂಟನೆಯ ವಯಸ್ಸಿನಲ್ಲಿ ವಿಜಯನಗರದ ಮಹಿಳೆಯರ ಪಾಠಕ್ಕೆ ಸೇರಿ, 32 ಸಂಧಿಗಳನ್ನೂ ಅರ್ಥಸಹಿತವಾಗಿ ಓದಲು ತೊಡಗಿದರು. ಇಷ್ಟು ವರ್ಷ ಹಾಡಿದ್ದು ಇದನ್ನೇ ಏನು ಎಂದು ಒಂದು ಸಂಜೆ ಅಡಿಗೆಮನೆಯಲ್ಲಿ ಪುಸ್ತಕವನ್ನು ಹಿಡಿದು ನಿಂತೇಬಿಟ್ಟಿದ್ದರು; ಒಲೆಯ ಮೇಲಿನ ಸಾರು ಉಕ್ಕಿತು. ತೀರ್ಥರೂಪರು ಏನೂ ಅನ್ನಲಿಲ್ಲ. ಈಗ ಅವರ ಕಣ್ಣು ಮಂದವಾಗಿರುವುದರಿಂದ ಮಧ್ಯಾಹ್ನ ಓದಿ ಹೇಳುವವರು ಮಾತೃಶ್ರೀಯವರೇ. ಈ ಲೇಖನವನ್ನೂ ಅವರೇ ಓದಿ ಹೇಳುವರು. ಆಷಾಢದ ಪ್ರಸಂಗವನ್ನು ಎರಡು ಬಾರಿ ಓದಿದರೂ ಓದಬಹುದು.

ಆ ನ್ಯಾಯಸುಧಾ ಸಂಪುಟಗಳು ಈಗ ದೇವಾಲಯದ ಅಲಮಾರಿಯಲ್ಲಿ ಎಲ್ಲರ ಉಪಯೋಗಕ್ಕಾಗಿ ಇವೆ. ಎರಡನೆಯ ಸಂಪುಟವನ್ನು ಕಳೆದ ಚಾತುರ್ಮಾಸ್ಯದಲ್ಲಿ ಒಯ್ದವರು ಇನ್ನೂ ಹಿಂದಿರುಗಿಸಿಲ್ಲ. ಓದು ಮುಗಿದಿಲ್ಲವಾದರೆ ಅವಸರವಿಲ್ಲ. ಯಾರ ಮನೆಯಲ್ಲಿದೆಯೆಂದು ಮಾತ್ರ ತಿಳಿಸಿದರೆ ಸಾಕು, ತೀರ್ಥರೂಪರು ವಾರಕ್ಕೊಮ್ಮೆ ಕೇಳುತ್ತಿದ್ದಾರೆ.