ಉಡಿಯ ಖಣ

ಮುಗಿದುಹೋದ ಧಾರಾವಾಹಿಗಳನ್ನು ಎಷ್ಟೋ ವರ್ಷಗಳ ಮೇಲೆ ಮತ್ತೆ ಮುಂದುವರಿಸುವ ರೂಢಿ ಈಚೆಗೆ ಬಂದಿದೆ. 1998ರ ನಮ್ಮ ‘ಮಾಯಾಮೃಗ’ 2022ರಲ್ಲಿ ‘ಮತ್ತೆ ಮಾಯಾಮೃಗ’ವಾಯಿತು. ಅದೇ 1998ರಲ್ಲಿ ಅಮೆರಿಕದಲ್ಲಿ ಆರಂಭವಾದ ‘ಸೆಕ್ಸ್ ಅಂಡ್ ದ ಸಿಟಿ’, ನ್ಯೂಯಾರ್ಕಿನ ನಾಲ್ವರು ಗೆಳತಿಯರ ಕಥೆ, 2021ರ ಡಿಸೆಂಬರಿನಲ್ಲಿ ಬೇರೊಂದು ಹೆಸರಿನಿಂದ ಮರಳಿತು. ಮೊದಲ ಕಂತಿನಲ್ಲಿಯೇ ನಾಯಕಿ ಕ್ಯಾರಿಯ ಗಂಡ ಹೃದಯಾಘಾತದಿಂದ ಸಾಯುತ್ತಾನೆ. ನಾಲ್ವರಲ್ಲೊಬ್ಬಳಾದ ಸಮಂತಾ ಅಷ್ಟರಲ್ಲಾಗಲೇ ಮುನಿಸಿಕೊಂಡು ಲಂಡನ್ ಸೇರಿದ್ದಾಳೆ. ಅಂತ್ಯಕ್ರಿಯೆಗೆ ಅವಳು ಬರುವುದಿಲ್ಲ. ಅವಳು ಕಳಿಸಿದ ಹೂವು ಬರುತ್ತದೆ.

ಆ ಹೂವನ್ನು ಕಂಡಾಗ ನನಗೆ ಗುಳೇದಗುಡ್ಡದ ಖಣ ನೆನಪಿಗೆ ಬಂತು. ಹತ್ತಿ, ರೇಷ್ಮೆಗಳನ್ನು ಕೂಡಿಸಿ ಆ ಊರಿನ ಕೈಮಗ್ಗಗಳಲ್ಲಿ ನೇಯುವ ಖಣ ಬರಿಯ ಕುಪ್ಪಸದ ಬಟ್ಟೆಯಲ್ಲ. ಉತ್ತರ ಕರ್ನಾಟಕದ ಹೆಣ್ಣುಮಕ್ಕಳ ಹೋಗುಬರುವಿಕೆಯೆಲ್ಲ ಅದರ ಮೇಲೆಯೇ ನಡೆಯುತ್ತದೆ. ಮನೆಗೆ ಬಂದ ಗೆಳತಿಯನ್ನು ಅಕ್ಕಿ, ಕೊಬ್ಬರಿ ಬಟ್ಟಲು, ಖಣ ಇಟ್ಟು ಉಡಿ ತುಂಬದೆ ಕಳಿಸುವುದೆಂತು? ಪಡೆದವಳು ಅದನ್ನು ಹೊಲಿಸಿಯಾಳು, ಇಲ್ಲವೆ ಪೆಟ್ಟಿಗೆಯಲ್ಲಿಟ್ಟು ಇನ್ನೊಬ್ಬಳ ಉಡಿಗೆ ಹಾಕಿಯಾಳು. ಒಂದೇ ಖಣ ನಾಲ್ಕು ಮನೆ ಸುತ್ತಿ ಕೊಟ್ಟವಳ ಬಳಿಗೇ ಹಿಂದಿರುಗಿದರೆ ನಗುವವರುಂಟು, ಬೇಸರಪಡುವವರಿಲ್ಲ.

ಗಂಡ ಸತ್ತ ದಿನ ಈ ಬಳಕೆಯಿಂದ ಒಬ್ಬಳು ಹೊರಬೀಳುತ್ತಾಳೆ. ಉಡಿ ಮುತ್ತೈದೆಯರಿಗೆ ಮಾತ್ರ ಎಂಬ ಸಂಪ್ರದಾಯ ಎಷ್ಟೋ ಮನೆಗಳಲ್ಲಿ ಇನ್ನೂ ಉಳಿದಿದೆ. ಗೆಳತಿ ಬಂದು ಜೊತೆಗೆ ಕುಳಿತು ಅಳುತ್ತಾಳೆ, ದಿನಗಟ್ಟಲೆ ಅಡಿಗೆ ಮಾಡಿ ಕಳಿಸುತ್ತಾಳೆ. ಆದರೆ ಶ್ರಾವಣದ ಶುಕ್ರವಾರ ಕುಂಕುಮದ ಬಟ್ಟಲು ಹಿಡಿದಾಗ ಅವಳ ಕೈ ಇವಳನ್ನು ದಾಟಿ ಪಕ್ಕದವಳ ಹಣೆಗೆ ಸರಿಯುತ್ತದೆ. ಕೇಳಿದರೆ, ‘ಆಕಿ ಮನಸ್ಸು ನೋಯಬಾರದಲ್ಲ?’ ಎನ್ನುತ್ತಾಳೆ. ಮಾತಿನಲ್ಲಿ ಕಪಟವಿಲ್ಲ; ತೊಡಕಿರುವುದೂ ಅಲ್ಲಿಯೇ. ನಾವು ತಪ್ಪಿಸುತ್ತಿರುವುದು ಯಾರ ನೋವನ್ನು? ಕೊಡುವ ಕೈಯ ಮುಜುಗರವನ್ನೇ ಪಡೆಯುವವಳ ದುಃಖವೆಂದು ಎಣಿಸಿದಂತಿದೆ. ಗಂಡನನ್ನು ಮೃತ್ಯು ಒಯ್ದಿತು, ಅದಕ್ಕೆ ಯಾರೂ ಹೊಣೆಯಲ್ಲ. ಗೆಳತಿಯನ್ನು ಒಯ್ದದ್ದು ಮೃತ್ಯುವಲ್ಲ. ಸಮಂತಾಳಿಗಾದರೋ ಜಗಳದ ಕಾರಣವಿತ್ತು. ಹಾಗಿದ್ದೂ ಅವಳು ಹೂ ಕಳಿಸಿದಳು. ಇಲ್ಲಿ ಜಗಳವೇ ಇಲ್ಲ.

ಕೆಲವರು ತಾವಾಗಿಯೇ ಬೇಡವೆನ್ನುತ್ತಾರೆ, ನಿಜ, ಅದನ್ನು ಗೌರವಿಸಬೇಕು. ಆದರೆ ಬೇಡವೆನ್ನುವುದಕ್ಕಾದರೂ ಯಾರಾದರೂ ಮೊದಲು ಖಣವನ್ನು ಮುಂದೆ ಹಿಡಿಯಬೇಕಷ್ಟೆ. ಉಪಾಯ ಕಂಡುಕೊಂಡವರೂ ಇದ್ದಾರೆ. ಅಕ್ಕಿ, ಕುಂಕುಮಗಳ ಗೊಡವೆಗೆ ಹೋಗದೆ, ಖಣವನ್ನು ಕಾಗದದಲ್ಲಿ ಸುತ್ತಿ, ‘ಕುಬಸಕ್ಕ ಆಗತೈತಿ, ಇಟ್ಕೋ’ ಎಂದು ಕೈಯಲ್ಲಿಟ್ಟು ಹೋಗುತ್ತಾರೆ. ಇದು ಅರ್ಧ ಮರ್ಯಾದೆಯಾಯಿತೆಂದು ಆಕ್ಷೇಪಿಸಬಹುದು. ನನಗೂ ಪೂರ್ತಿ ಒಪ್ಪಿಗೆಯಿಲ್ಲ. ಆದರೂ ಆ ಕಾಗದದ ಪೊಟ್ಟಣ ಮನೆಗೆ ಬಂದ ಸಂಜೆ ಅವಳು ದರ್ಜಿಯ ಬಳಿಗೆ ಹೋಗಿ ಅಳತೆ ಕೊಟ್ಟು ಬಂದಾಳು.