ಹೊಲದ ಬದುವಿನಲ್ಲಿ ಕ್ಯೂಆರ್ ಕೋಡ್

ಜುಲೈ ಬಂತೆಂದರೆ ಬೇಗೂರು ದಾಟಿ ಗುಂಡ್ಲುಪೇಟೆಗೆ ಹೋಗುವ ಹೆದ್ದಾರಿಯ ಇಕ್ಕೆಲವೂ ಹಳದಿ. ಸೂರ್ಯಕಾಂತಿ ಹೂಬಿಟ್ಟು ಕಣ್ತುಂಬ ನಿಲ್ಲುವುದು ಹೆಚ್ಚೆಂದರೆ ಎರಡು ಮೂರು ವಾರ. ಅಷ್ಟರೊಳಗೆ ವಯನಾಡು, ಊಟಿ, ಮೈಸೂರು, ಬೆಂಗಳೂರಿನ ಹುಡುಗ ಹುಡುಗಿಯರು ಬಂದು ಸಾಲಿನ ನಡುವೆ ನಿಂತು ರೀಲ್ಸ್ ಮಾಡಿಕೊಂಡು ಹೋಗುತ್ತಾರೆ. ಅರಳಿದ ಹೂ ಸೂರ್ಯನ ಹಿಂದೆ ತಿರುಗುವುದಿಲ್ಲ, ಪೂರ್ವಕ್ಕೇ ಮುಖಮಾಡಿ ನಿಲ್ಲುತ್ತದೆ. ಹಾಗಾಗಿ ಬೆಳಗಿನ ಬಿಸಿಲಿಗೇ ಫೋಟೊ ಚೆಂದ. ಯಾವ ಸಸ್ಯಶಾಸ್ತ್ರವನ್ನೂ ಓದದೆ ಇನ್‌ಸ್ಟಾಗ್ರಾಂ ಮಕ್ಕಳಿಗೆ ಇದು ಗೊತ್ತು.

ರೈತನ ಲೆಕ್ಕ ಬೇರೆ. ಚೆಂಡುಹೂವಾದರೆ ಕೊಯ್ದಷ್ಟೂ ಬಿಡುತ್ತದೆ, ಬಣ್ಣದ ಕಾರ್ಖಾನೆಗೆ ಹೋಗುತ್ತದೆ. ಸೂರ್ಯಕಾಂತಿಯಲ್ಲಿ ಗಿಡಕ್ಕೊಂದೇ ತೆನೆ. ಕಾಂಡ ಮುರಿದರೆ ಆ ಗಿಡದ ಕತೆ ಮುಗಿಯಿತು. ಮೊದಮೊದಲು "ಗಿಡ ತುಳೀಬ್ಯಾಡಿ ಕನ್ರಪ್ಪಾ" ಎಂದು ಕೂಗಿ ಕೂಗಿ ಸೋತವರಲ್ಲಿ ಕೆಲವರು ಈಗ ಒಳಗೆ ಬರುವವರಿಂದ ಕಾಸು ವಸೂಲು ಮಾಡುತ್ತಾರೆ. ಬದುವಿನ ಮೇಲೆ ಕೂತು ಕ್ಯೂಆರ್ ಕೋಡ್ ತೋರಿಸುವ ಹುಡುಗನೂ ಒಳಗೆ ಕುಣಿಯುವವರ ವಯಸ್ಸಿನವನೇ. ಅವನ ಜೇಬಿನಲ್ಲೂ ಅದೇ ಫೋನು, ತಲೆಗೂ ಅದೇ ಕಟಿಂಗು. ಹೂ ತೋರಿಸಿ ದುಡ್ಡು ಕೇಳುವುದೇ ಎಂದು ಮೂಗು ಮುರಿಯುವವರಿದ್ದಾರೆ. ನಾನಂತೂ ಹುಡುಗನ ಪರ. ಹಾಗೆಂದು ಒಳಗೆ ಕುಣಿಯುವವರ ಮೇಲೂ ಸಿಟ್ಟಿಲ್ಲ; ಅಂಥವರು ಎಲ್ಲೆಡೆ ಇದ್ದಾರೆ.

2022ರ ಜುಲೈನಲ್ಲಿ ಇಂಡೋನೇಷ್ಯಾದ ಜಕಾರ್ತಾದಲ್ಲಿ ಹೊರವಲಯದ ಬಡ ಹುಡುಗರು ಲೋಕಲ್ ರೈಲು ಹತ್ತಿ ಬಂದು, ಗಗನಚುಂಬಿ ಕಟ್ಟಡಗಳ ನಡುವಿನ ಜೀಬ್ರಾ ಕ್ರಾಸಿಂಗನ್ನೇ ಫ್ಯಾಷನ್ ಶೋ ವೇದಿಕೆ ಮಾಡಿಕೊಂಡರು. ಬಂದ ಊರಿನ ಹೆಸರಿನಲ್ಲೇ ಅದು 'ಚಿತಾಯಂ ಫ್ಯಾಷನ್ ವೀಕ್' ಎಂದಾಯಿತು. ವಾಹನಗಳಿಗೆ ಅಡ್ಡಿಯೆಂದು ಪೊಲೀಸರು ಚದುರಿಸುವವರೆಗೂ ನಡೆಯಿತು. ಕಾಸಿದ್ದರೂ ಇಲ್ಲದಿದ್ದರೂ ಪ್ರಾಯಕ್ಕೊಂದು ವೇದಿಕೆ ಬೇಕು, ಅಲ್ಲೂ ಇಲ್ಲೂ. ಆದರೆ ಅಲ್ಲಿ ಅವರು ನಡೆದದ್ದು ಸರ್ಕಾರದ ರಸ್ತೆಯ ಮೇಲೆ. ಇಲ್ಲಿ ಕಾಲಿಡುವುದು ಒಬ್ಬರ ಫಸಲಿನ ಮೇಲೆ. ಕಾರಿನಲ್ಲಿ ಬಂದವರಿಗೆ ಹತ್ತಿಪ್ಪತ್ತು ರೂಪಾಯಿ ಭಾರವೇನಲ್ಲ.

ಹೊಲದಲ್ಲಾದರೆ ಬೈಸಿಕೊಂಡು ಹೊರಬರಬಹುದು. ಅದೇ ರಸ್ತೆ ಮುಂದೆ ಬಂಡೀಪುರದ ಕಾಡು ಹೊಗುತ್ತದೆ. ಅಲ್ಲಿ ಗಾಡಿ ನಿಲ್ಲಿಸಿ ಇಳಿಯುವಂತಿಲ್ಲ. 2025ರ ಆಗಸ್ಟ್‌ನಲ್ಲಿ ಆನೆಯ ಜೊತೆ ಸೆಲ್ಫಿಗೆ ಹೋದವರೊಬ್ಬರು ತುಳಿತಕ್ಕೆ ಸಿಕ್ಕಿ ಹೇಗೋ ಬದುಕಿದರು, ಮೇಲೆ 25,000 ರೂಪಾಯಿ ದಂಡವೂ ಬಿತ್ತು. ಅವರೇನೂ ಕಾಲೇಜು ಹುಡುಗರಲ್ಲ. ಸೆಲ್ಫಿಯ ಹುಚ್ಚನ್ನೆಲ್ಲ ಹರೆಯದವರ ತಲೆಗೇ ಕಟ್ಟುವ ಹಿರಿಯರು ಇದನ್ನೂ ಲೆಕ್ಕಕ್ಕೆ ಹಿಡಿಯಲಿ.

ಬದುವಿನ ಹುಡುಗರಿಗೆ ನನ್ನದೊಂದು ಬಿಟ್ಟಿ ಸಲಹೆ: ಮುಂದಿನ ಮುಂಗಾರಿಗೆ ಬಿತ್ತುವಾಗಲೇ ರಸ್ತೆ ಬದಿಯ ನಾಲ್ಕು ಸಾಲು ಬಿಟ್ಟು ಕಾಲುದಾರಿ ಮಾಡಿ, ಕೊನೆಯಲ್ಲಿ ಫೋಟೊಗೆಂದೇ ಒಂದಿಷ್ಟು ಜಾಗ ಇಡಿ. ಕಾಸೂ ಬರುತ್ತದೆ, ತೆನೆಯೂ ಉಳಿಯುತ್ತದೆ. ನಾಲ್ಕು ಸಾಲು ಖಾಲಿ ಬಿಡಲು ಅಪ್ಪಂದಿರು ಒಪ್ಪಬೇಕು, ಅಷ್ಟೆ.