ಭೂಕಂಪ ಮತ್ತು ಜೀರ್ಣೋದ್ಧಾರ

ಕಾಠ್ಮಂಡು ಕಣಿವೆ ಒಂದು ಕಾಲದಲ್ಲಿ ಸರೋವರವಾಗಿತ್ತು. ಬೋಧಿಸತ್ವ ಮಂಜುಶ್ರೀ ಚೋಭಾರಿನ ಬೆಟ್ಟವನ್ನು ಖಡ್ಗದಿಂದ ಸೀಳಿ ನೀರನ್ನು ಹೊರಬಿಟ್ಟನೆಂದು ಪುರಾಣ ಹೇಳುತ್ತದೆ. ಸರೋವರವಿದ್ದುದನ್ನು ಭೂವಿಜ್ಞಾನವೂ ಒಪ್ಪುತ್ತದೆ. ಊರು ನಿಂತಿರುವುದು ಅದರ ಹೂಳಿನ ಮೇಲೆ. ಹಾಗಾಗಿ ನೆಲ ನಡುಗಿದಾಗ ಅಲುಗಾಟ ಇನ್ನಷ್ಟು ಜೋರಾಗುತ್ತದೆ. 1255ರ ಭೂಕಂಪ ರಾಜ ಅಭಯಮಲ್ಲನನ್ನೇ ಬಲಿ ತೆಗೆದುಕೊಂಡಿತು. 1934ರಲ್ಲಿ ಬಿದ್ದು ಮತ್ತೆ ಎದ್ದ ಧರಹರಾ ಗೋಪುರ 2015ರಲ್ಲಿ ಪುನಃ ಬಿತ್ತು.

ಇಂಥ ಊರಿನಲ್ಲಿ ದೇವರ ಮುನಿಸಿನ ಮಾತು ಬಾರದಿರದು. 1934ರ ಅದೇ ಕಂಪನ ಬಿಹಾರವನ್ನೂ ಕೆಡವಿದಾಗ ಗಾಂಧೀಜಿ ಅದನ್ನು ಅಸ್ಪೃಶ್ಯತೆಯ ಪಾಪಕ್ಕೆ ಬಂದ ಶಿಕ್ಷೆ ಎಂದರು. ಪ್ರಕೃತಿಯ ಘಟನೆಗೆ ನೈತಿಕ ಕಾರಣ ಹಚ್ಚುವುದು ಸಲ್ಲದೆಂದು ರವೀಂದ್ರನಾಥ ಟಾಗೋರರು ಬಹಿರಂಗವಾಗಿಯೇ ಆಕ್ಷೇಪಿಸಿದರು. ಪಾಪ-ಶಿಕ್ಷೆಯ ಲೆಕ್ಕ 2015ರ ಏಪ್ರಿಲ್ 25ರ ಭೂಕಂಪದಲ್ಲೂ ತಾಳೆಯಾಗಲಿಲ್ಲ. ಅಂದು ಶನಿವಾರ, ನೇಪಾಳದ ವಾರದ ರಜೆ. ಸಾವಿರಾರು ಶಾಲೆಗಳು ಕುಸಿದರೂ ಒಳಗೆ ಮಕ್ಕಳಿರಲಿಲ್ಲ. ಅದೇ ರಜೆಯ ಕಾರಣಕ್ಕೆ ಅಲ್ಲಿನ ಕ್ರೈಸ್ತರು ಶನಿವಾರ ಪ್ರಾರ್ಥನೆಗೆ ಸೇರುತ್ತಾರೆ. ಚರ್ಚುಗಳಲ್ಲಿದ್ದ ಅನೇಕರು ಪ್ರಾರ್ಥನೆಯ ನಡುವೆಯೇ ಸತ್ತರು. ಮೊದಲನೆಯದನ್ನು ಕೃಪೆ ಎನ್ನುವವರು ಎರಡನೆಯದನ್ನು ಏನೆಂದು ಕರೆಯುತ್ತಾರೆ?

ಕಣಿವೆಯ ಮೂಲನಿವಾಸಿಗಳಾದ ನೇವಾರರ ಆಚರಣೆ ಈ ಪ್ರಶ್ನೆಗೆ ಹೆಚ್ಚು ಜೋತುಬಿದ್ದಿಲ್ಲ. ಕಟ್ಟಿದ್ದು ಬೀಳುತ್ತದೆ ಎಂಬುದು ಅಲ್ಲಿನ ಬೌದ್ಧರಿಗಾಗಲಿ ಹಿಂದೂಗಳಿಗಾಗಲಿ ಹೊಸ ಮಾತಲ್ಲ. ಜೀರ್ಣೋದ್ಧಾರವೂ ಪುಣ್ಯದ ಕೆಲಸವೇ. ಇದಕ್ಕೆಂದೇ ‘ಗುಠಿ’ ಎಂಬ ಸಂಘಗಳಿದ್ದವು. ದೇವರಿಗೆ ಬಿಟ್ಟ ಜಮೀನಿನ ಹುಟ್ಟುವಳಿಯಲ್ಲಿ ಪೂಜೆ, ಜಾತ್ರೆ, ಚಾವಣಿಯ ದುರಸ್ತಿ ಎಲ್ಲ ನಡೆಯುತ್ತಿತ್ತು. ಅನೇಕ ಗುಠಿಗಳ ಆಸ್ತಿ ಸರ್ಕಾರಿ ಸಂಸ್ಥೆಯ ಕೈಗೆ ಹೋದ ಮೇಲೆ ಈ ಕೊಂಡಿ ಸಡಿಲವಾಯಿತು.

ಊರಿಗೆ ಹೆಸರು ಕೊಟ್ಟ ಕಾಷ್ಠಮಂಡಪ 2015ರಲ್ಲಿ ಕುಸಿದದ್ದು ಒಳಗೆ ರಕ್ತದಾನ ಶಿಬಿರ ನಡೆಯುತ್ತಿದ್ದಾಗ. ಆಮೇಲೆ ಅಗೆದು ನೋಡಿದರೆ 7ನೇ ಶತಮಾನದ ಬುನಾದಿ ಗಟ್ಟಿಯಾಗಿಯೇ ಇತ್ತು. ಮುಖ್ಯ ಕಂಬಗಳಲ್ಲಿ ಒಂದು ಮಾತ್ರ 1960ರ ದಶಕದ ದುರಸ್ತಿಯ ನಂತರ ತನ್ನ ಅಡಿಗಲ್ಲಿನ ಮೇಲೆ ಸರಿಯಾಗಿ ಕೂತಿರಲಿಲ್ಲ. ದೇವರ ಮೇಲೆ ಹೊರಿಸಬಹುದಾದ ತಪ್ಪಲ್ಲ ಇದು. ಗುತ್ತಿಗೆದಾರರಿಗೆ ಬಿಡಬಾರದೆಂದು ಹಟ ಹಿಡಿದ ಊರವರು ತಾವೇ ಸಮಿತಿ ಮಾಡಿಕೊಂಡು, ಮರದ ಕಂಬಗಳನ್ನು ತಂದು, ಮಂಡಪವನ್ನು ಮತ್ತೆ ನಿಲ್ಲಿಸಿದರು.

ಮನೆಗಳ ಕಥೆ ಬೇರೆ. ಹಳೆಯ ಪೇಟೆಗಳಲ್ಲಿ ಅಣ್ಣತಮ್ಮಂದಿರು ಮನೆಯನ್ನು ನೆಲದಿಂದ ಮಾಡಿನವರೆಗೆ ಉದ್ದಕ್ಕೆ ಹಂಚಿಕೊಳ್ಳುತ್ತಾರೆ. ಒಬ್ಬ ತನ್ನ ಪಾಲನ್ನು ಕೆಡವಿ ಕಾಂಕ್ರೀಟಿನಲ್ಲಿ ಎತ್ತರಿಸಿದರೆ ಪಕ್ಕದ ಪಾಲಿನ ಇಟ್ಟಿಗೆ ಗೋಡೆ ಆಸರೆ ಕಳೆದುಕೊಳ್ಳುತ್ತದೆ. ಇದನ್ನು ತಡೆಯುವ ಗುಠಿ ಯಾವುದೂ ಇಲ್ಲ.